ದೊರೆಯ ಗಲ್ಲಮೀಸೆ, ಮಾವನವರ ತಿಥಿ

ದೇವರು ಕೊಟ್ಟದ್ದನ್ನು ಎಣಿಸಿಕೊಳ್ಳಬೇಕೇ ಹೊರತು ಕೊಡದೇ ಬಿಟ್ಟದ್ದನ್ನಲ್ಲ ಎಂದು ಹಿರಿಯರು ಹೇಳುತ್ತಾರೆ. ನಾನು ಎಣಿಸಿಕೊಂಡೇ ಬಂದಿದ್ದೇನೆ. ನಮ್ಮ ಯಜಮಾನರು ಕುಡಿಯುವುದಿಲ್ಲ, ಅದು ವೆಂಕಟರಮಣನ ದಯೆ. ಇಸ್ಪೀಟಿಲ್ಲ, ಕುದುರೆಯ ಬಾಲಕ್ಕೆ ಸಂಬಳ ಕಟ್ಟುವ ಚಾಳಿಯಿಲ್ಲ, ಅದು ರಾಯರ ದಯೆ. ರಾಜಾಜಿನಗರದ ಮನೆಯಲ್ಲಿ ಬೆಳಿಗ್ಗೆ ನಲ್ಲಿಯಲ್ಲಿ ನೀರು ಬರುತ್ತದೆ, ಅದು ಗಂಗಮ್ಮನ ದಯೆ. ಆದರೆ ಪ್ರತಿಯೊಬ್ಬ ಗಂಡಸಿನ ಹಣೆಯಲ್ಲೂ ಬ್ರಹ್ಮ ಒಂದು ಹುಚ್ಚನ್ನು ಬರೆದೇ ಕಳಿಸುತ್ತಾನೆ. ನಮ್ಮವರ ಪಾಲಿಗೆ ಬಂದದ್ದು ಇಂಗ್ಲೆಂಡಿನ ಒಬ್ಬ ಮುದಿ ನಟ. ಆತನ ಹೆಸರು ನನ್ನ ನಾಲಿಗೆಗೆ ಹೊರಳುವುದಿಲ್ಲ, ಹೊರಳಿಸುವ ಇಷ್ಟವೂ ಇಲ್ಲ. ನಮ್ಮ ಮನೆಯಲ್ಲಿ ಆತ ಬರೀ ‘ದೊರೆ’.

ಈ ದೊರೆಯ ಜೀವನಚರಿತ್ರೆ ನನಗೆ ನಮ್ಮ ಸೋದರಮಾವಂದಿರ ಚರಿತ್ರೆಗಿಂತ ಚೆನ್ನಾಗಿ ಗೊತ್ತು. ಹುರಿದ ಮೀನು ಮಾರುವವನ ಮಗ. ಅಂಗಡಿಯಲ್ಲಿ ನಿಲ್ಲಲಾರದೆ ನಾಟಕದ ಕಂಪನಿಗೆ ಓಡಿಹೋದ. ಅಲ್ಲಿ ಮೊದಲು ಪರದೆ ಎಳೆದ, ಆಮೇಲೆ ಸತ್ತು ಬಿದ್ದಿರುವ ಸೈನಿಕನಾದ, ಕೊನೆಗೆ ಮಾತಾಡುವ ಭಾಗ್ಯವೂ ಬಂತು. ಸಿನಿಮಾಕ್ಕೆ ಸೇರಿದ ಮೇಲೆ ಬಟ್ಲರನಾದ, ಪಾದ್ರಿಯಾದ, ಸ್ಟೇಷನ್ ಮಾಸ್ಟರನಾದ, ಮತ್ತೆ ಬಟ್ಲರನಾದ. ಒಂದು ಸಲವಾದರೂ ನಾಯಕನಾದನೇ ಎಂದರೆ ಇಲ್ಲ. ಹೋಗಲಿ, ಖಳನಾಯಕ? ಅದೂ ಇಲ್ಲ. ಕ್ಯಾರೆಕ್ಟರ್ ಆಕ್ಟರ್ ಅಂತೆ.

“ಹೀರೋನ ಯಾರು ಬೇಕಾದ್ರೂ ನೋಡ್ತಾರೆ ಕಣೇ. ಹೀರೋ ಹಿಂದೆ ನಿಂತಿರೋನ್ನ ನೋಡೋಕೆ ಕಣ್ಣು ಬೇಕು” ಎನ್ನುತ್ತಾರೆ ನಮ್ಮವರು.

“ಹಾಗಾದ್ರೆ ಸೀಮೆಎಣ್ಣೆ ಕ್ಯೂನಲ್ಲಿ ನಿಂತಿರೋಳನ್ನೂ ಒಂದಿನ ಬಂದು ನೋಡಿ ರೀ” ಎಂದೆ ನಾನು. ಅವರಿಗೆ ಕೇಳಿಸಲಿಲ್ಲ. ಇಂಥದ್ದು ಅವರಿಗೆ ಕೇಳಿಸುವುದಿಲ್ಲ.

ಒಂದು ಭಾನುವಾರ ನನ್ನನ್ನೂ ಇಂಗ್ಲಿಷ್ ಸಿನಿಮಾ ಹಾಕುವ ದಂಡಿನ ಕಡೆಯ ಟಾಕೀಸಿಗೆ ಮಾರ್ನಿಂಗ್ ಷೋಗೆ ಕರೆದುಕೊಂಡು ಹೋದರು. ಎರಡು ಬಸ್ಸು ಬದಲಾಯಿಸಿ, ಹಿಟ್ಟು ರುಬ್ಬುವುದನ್ನು ಬಿಟ್ಟು ಹೋದೆ. ದೊರೆ ಯಾವಾಗ ಬರುತ್ತಾನೆಂದು ಕಾದೆ. ಕರಿ ಕೋಟು ಹಾಕಿಕೊಂಡು, ತಟ್ಟೆಯ ಮೇಲೆ ಟೀ ಇಟ್ಟುಕೊಂಡು ಬಂದ. ಟೀ ಕೊಟ್ಟ. ಹಿಂದೆ ಸರಿದು ಗೋಡೆಗಂಟಿಕೊಂಡು ನಿಂತ. ಇಂಟರ್ವಲ್ಲಿಗೆ ಮುಂಚೆ ಮೆಟ್ಟಿಲ ಕೆಳಗೆ ಸತ್ತು ಬಿದ್ದಿದ್ದ. ನಮ್ಮವರು ಕಣ್ಣೊರೆಸಿಕೊಂಡರು. ಟೀ ಕೊಟ್ಟು ಗೋಡೆಗಂಟಿಕೊಂಡು ನಿಲ್ಲುವುದು, ಮದುವೆಯಾದಾಗಿನಿಂದ ನಾನು ಮಾಡುತ್ತಿರುವುದೂ ಅದನ್ನೇ ಅಲ್ಲವೇ, ಸಾಯುವುದೊಂದು ಬಾಕಿ! ಅದಕ್ಕೆ ಅವನಿಗೆ ಸಂಬಳ, ನೋಡುವವರಿಗೆ ಟಿಕೆಟ್ಟು, ನಮ್ಮವರಿಗೆ ಕಣ್ಣೀರು.

ಇದಿಷ್ಟಕ್ಕೇ ನಿಂತಿದ್ದರೆ ನಾನು ಅದನ್ನೂ ದೇವರ ದಯೆಯ ಲೆಕ್ಕಕ್ಕೆ ಸೇರಿಸಿ ಸುಮ್ಮನಾಗುತ್ತಿದ್ದೆ. ಆದರೆ ಆ ವರ್ಷ ನಮ್ಮವರ ಕಾರ್ಖಾನೆಯವರು ರಾಜ್ಯೋತ್ಸವಕ್ಕೆ ಒಂದು ನಾಟಕ ಹೂಡಿದರು. ಪಾಳೆಯಗಾರನೊಬ್ಬ ಇಂಗ್ಲಿಷರ ವಿರುದ್ಧ ಕತ್ತಿ ಹಿಡಿಯುವ ಕಥೆ. ಅದರಲ್ಲಿ ಕಲೆಕ್ಟರ್ ದೊರೆಯ ಪಾತ್ರ ನಮ್ಮವರಿಗೆ ಬಂತು. ಒಂದೇ ದೃಶ್ಯ. ಬರುವುದು, ಕಪ್ಪಕಾಣಿಕೆ ಕೇಳುವುದು, ಬೈಸಿಕೊಂಡು ಹೋಗುವುದು. ಇಷ್ಟಕ್ಕೆ ಇವರು ಕಿವಿಯಿಂದ ದವಡೆಯವರೆಗೆ ಎರಡು ಕೆನ್ನೆಗೂ ಗಲ್ಲಮೀಸೆ ಬಿಟ್ಟರು. ಅಂಟಿಸಿಕೊಂಡರೆ ಸಾಲದೇ ಎಂದು ಕೇಳಿದರೆ, “ನಮ್ಮ ದೊರೆ ಜನ್ಮದಲ್ಲೇ ಸುಳ್ಳು ಕೂದಲು ಅಂಟಿಸ್ಕೊಂಡೋರಲ್ಲ ಕಣೇ” ಎಂದರು. ಬಿಳಿ ಪಂಚೆ, ಹೆಗಲ ಮೇಲೆ ಚೌಕ, ಹಣೆಯಲ್ಲಿ ವಿಭೂತಿ, ಎರಡು ಕೆನ್ನೆಯಲ್ಲಿ ಇಂಗ್ಲೆಂಡು! ತರಕಾರಿ ಗಾಡಿಯವಳು ಬಾಗಿಲಲ್ಲಿ ನೋಡಿ, “ಯಜಮಾನ್ರಿಗೆ ಹಲ್ಲುನೋವೇನಮ್ಮಾ, ಕೆನ್ನೆಗೆ ಏನೋ ಪಟ್ಟು ಹಾಕವ್ರಲ್ಲ?” ಎಂದು ಕೇಳಿದಳು. ಹೌದು ಕಣಮ್ಮ ಎಂದೆ. ವಿವರಿಸಿ ಮರ್ಯಾದೆ ಕಳೆದುಕೊಳ್ಳುವುದಕ್ಕಿಂತ ಅದೇ ವಾಸಿ.

ನಾಟಕದ ಹಿಂದಿನ ದಿನವೇ ನಮ್ಮ ಮಾವನವರ ತಿಥಿ ಬಿತ್ತು. ತಿಥಿ ಮಾಡುವ ಮಗ ಕ್ಷೌರ ಮಾಡಿಸಿಕೊಂಡು ಕೂರಬೇಕೆಂಬುದು ನಮ್ಮ ಮನೆತನದ ಪದ್ಧತಿ. ಜೊತೆಗೆ ನಮ್ಮ ಮಾವನವರು ಸಾಮಾನ್ಯರಲ್ಲ. ಚಳವಳಿಯ ಕಾಲದಲ್ಲಿ ಬಾವುಟ ಹಿಡಿದುಕೊಂಡು ಹೋಗಿ, ಲಾಠಿ ಏಟು ತಿಂದು, ಸಾಯುವವರೆಗೂ ಎಡಗೈ ಮೇಲೆತ್ತಲಾರದೆ ಇದ್ದವರು. ಇಂಗ್ಲಿಷರ ಬಿಸ್ಕತ್ತನ್ನೂ ಮನೆಯೊಳಗೆ ಬಿಟ್ಟವರಲ್ಲ.

“ಆ ಮುಖ ಹೊತ್ಕೊಂಡು ಪಿಂಡ ಇಟ್ರೆ ಅವರು ಮುಟ್ತಾರೇನೋ? ವರ್ಷಕ್ಕೊಂದು ತುತ್ತು ಕಣೋ ಅವರಿಗೆ ಸಿಗೋದು. ಅದಕ್ಕೂ ಕಲ್ಲು ಹಾಕ್ತೀಯಾ?” ಎಂದು ನಮ್ಮ ಅತ್ತೆ ಅತ್ತರು. ಅವರು ಅತ್ತದ್ದನ್ನು ನಾನು ಅದಕ್ಕೆ ಮುಂಚೆ ನೋಡಿರಲಿಲ್ಲ. ಬೈದದ್ದನ್ನು ನೋಡಿದ್ದೆ.

“ಅಮ್ಮಾ, ಒಂದೇ ದಿನ ತಡ್ಕೋ. ನಾಟಕ ಮುಗಿದ ತಕ್ಷಣ ಬೋಳಿಸ್ತೀನಿ.”

“ತಿಥಿ ನಿಂಗೋಸ್ಕರ ಒಂದು ದಿನ ತಡ್ಕೊಳುತ್ತಾ?”

ವಿಜಯನಗರದಿಂದ ಸೈಕಲ್ಲಿನಲ್ಲಿ ಬರುವ ನಮ್ಮ ಪುರೋಹಿತರು, ಶಾಸ್ತ್ರಿಗಳು, ಆ ಕೆನ್ನೆಗಳನ್ನು ನೋಡಿ ಸ್ವಲ್ಪ ಹೊತ್ತು ಮಂತ್ರ ಮರೆತವರಂತೆ ನಿಂತರು. ಅವರಿಗೆ ಆ ದಿನ ಇನ್ನೊಂದು ಮನೆಯೂ ಇತ್ತು. “ಕ್ಷೌರ ಆಗ್ಬೇಕಿತ್ತು. ಹೇಳೋದು ನನ್ನ ಧರ್ಮ, ಹೇಳಿದೀನಿ. ಕೂತ್ಕೊಳ್ಳಿ” ಎಂದು ದರ್ಭೆ ಕೈಗೆ ಕೊಟ್ಟರು. ನಾನು ಬೆಳಗಿನ ಜಾವ ಎದ್ದು ಮಡಿಯುಟ್ಟು ಅಡಿಗೆ ಮಾಡಿದ್ದೆ. ವಡೆ, ಎಳ್ಳುಂಡೆ, ಪಾಯಸ, ಮಾವನವರಿಗೆ ಪ್ರಾಣವಾಗಿದ್ದ ಬಾಳೆಕಾಯಿ ಪಲ್ಯ. ಬ್ರಾಹ್ಮಣರ ಊಟವಾಯಿತು, ಪಿಂಡವಾಯಿತು. ಹಿತ್ತಲ ಗೋಡೆಯ ಮೇಲೆ ಎಲೆಯಲ್ಲಿ ಪಿಂಡವಿಟ್ಟು ಕಾಗೆಗೆ ಕಾದೆವು. ಕಾಗೆ ಮುಟ್ಟುವವರೆಗೆ ಮನೆಯವರು ಬಾಯಿಗೆ ನೀರೂ ಹಾಕುವಂತಿಲ್ಲ.

ಕಾಗೆ ಬರಲಿಲ್ಲ.

ಮಿಕ್ಕ ದಿನ ನಾನು ಸಂಡಿಗೆ ಒಣಹಾಕಿದರೆ ಸಂಸಾರ ಸಮೇತ ಬರುವ ಕಾಗೆಗಳು! ನಮ್ಮವರು ಕೈಯೆತ್ತಿ “ಕಾ ಕಾ” ಎಂದು ಕೂಗಿದರು. ಅದರಲ್ಲೂ ಅಭಿನಯವೇ. ಒಂದು ಕಾಗೆ ಕರೆಂಟ್ ಕಂಬದ ಮೇಲೆ ಬಂದು ಕೂತು, ಕತ್ತು ಓರೆ ಮಾಡಿ ಇವರ ಕೆನ್ನೆ ನೋಡಿ, ಹಾರಿಹೋಯಿತು. “ರಾಗಿ ಕೊಯ್ಲು ಕಣಮ್ಮ. ಎಲ್ಲಾ ಸುಂಕದಕಟ್ಟೆ ಹೊಲಗಳ ಕಡೆ ಹೋಗಿರ್ತವೆ” ಎಂದು ಶಾಸ್ತ್ರಿಗಳು ಸಮಾಧಾನ ಹೇಳಿ ಸೈಕಲ್ ಹತ್ತಿದರು. ಅತ್ತೆ ಹಿತ್ತಲ ಬಾಗಿಲಲ್ಲಿ ಕೂತು ಗೋಡೆಯನ್ನೇ ನೋಡುತ್ತಿದ್ದರು. ಬಿಸಿಲು ನೆತ್ತಿ ದಾಟಿ ಇಳಿಯತೊಡಗಿತು. ಅವರ ತುಟಿ ಒಣಗಿತ್ತು. “ಕೋಪ ಬಂದಿದೆ ಅವರಿಗೆ. ಬದುಕಿದ್ದಾಗ್ಲೂ ಹಂಗೇ, ಊಟ ಬಿಟ್ಟು ಎದ್ದೋಗೋರು” ಎಂದು ಮೆಲ್ಲಗೆ ಹೇಳಿಕೊಂಡರು.

ಆ ಮಾತು ನಮ್ಮವರಿಗೆ ಕೇಳಿಸಿತು. ಎದ್ದು ಬಚ್ಚಲಿಗೆ ಹೋದರು. ರೇಜರಿನ ಡಬ್ಬಿ ತೆಗೆದ ಸದ್ದು, ಬಟ್ಟಲಿನಲ್ಲಿ ಬ್ರಷ್ಷು ಆಡಿದ ಸದ್ದು ಹಿತ್ತಲಿಗೆ ಬಂತು. ಕರ್ಮ ಮುಗಿದ ಮೇಲೆ ಕ್ಷೌರ ಯಾವ ಶಾಸ್ತ್ರವೋ ಕಾಣೆ. ನೊರೆ ಹಚ್ಚುತ್ತಿದ್ದರೆಂದು ಕಾಣುತ್ತದೆ, ಆಗ ಬಂತು ನೋಡಿ ಕಾಗೆ. ಒಂದಲ್ಲ, ಎರಡು. ಗೋಡೆಯ ಮೇಲೆ ಕೂತು ಪಿಂಡಕ್ಕೆ ಕೊಕ್ಕು ಹಾಕಿಯೇಬಿಟ್ಟವು. ಕೆನ್ನೆಗೆ ಇನ್ನೂ ಕತ್ತಿ ತಾಗಿರಲಿಲ್ಲ!

“ರೀ…” ಎಂದು ಬಾಯಿ ತೆರೆದೆ. ಅತ್ತೆ ನನ್ನ ಸೆರಗು ಹಿಡಿದು ಜಗ್ಗಿದರು.

“ಸುಮ್ನಿರೇ!”

“ಅತ್ತೆ, ಇನ್ನೂ ಬೋಳಿಸಿಲ್ಲ ಅವರು…”

“ಅದಕ್ಕೇ ಹೇಳಿದ್ದು, ಸುಮ್ನಿರು ಅಂತ. ಎರಡೂ ಕಡೆ ಆಗ್ಲಿ.”

ನಾವಿಬ್ಬರೂ ಉಸಿರು ಹಿಡಿದುಕೊಂಡು ನಿಂತೆವು. ಹದಿನಾಲ್ಕು ಲೋಕದಲ್ಲಿ ಯಾವ ಅತ್ತೆ ಸೊಸೆಯೂ ಅಷ್ಟು ಒಮ್ಮತದಿಂದ ನಿಂತಿರಲಾರರು. ಸ್ವಲ್ಪ ಹೊತ್ತಿಗೆ ನಮ್ಮವರು ಸುಲಿದ ಬಾಳೆಹಣ್ಣಿನಂಥ ಮುಖ ಮಾಡಿಕೊಂಡು ಬಂದರು. ಅಲ್ಲಲ್ಲಿ ರಕ್ತದ ಚುಕ್ಕೆ.

“ಕಾಗೆ ಬಂತಾ?”

“ಬಂತು ರೀ” ಎಂದೆ. ಯಾವಾಗ ಬಂತು ಎಂದು ಅವರು ಕೇಳಲಿಲ್ಲ. ಕೇಳಿದ್ದರೆ ಸುಳ್ಳು ಹೇಳಬೇಕಾಗುತ್ತಿತ್ತು, ಅದೂ ಮಡಿಯಲ್ಲಿ. ಆ ಪ್ರಶ್ನೆ ಬಾಯಿಗೆ ಬರದಂತೆ ತಡೆದದ್ದು ಆ ವೆಂಕಟರಮಣ.

“ಗಬಗಬ ತಿಂದುಬಿಡ್ತು ಕಣೋ” ಎಂದರು ಅತ್ತೆ. ಅದೂ ನಿಜವೇ. ನಮ್ಮವರು ಖಾಲಿಯಾಗಿದ್ದ ಎಲೆಗೆ ಕೈಮುಗಿದರು. ಆ ಹೊತ್ತು ಮಾತ್ರ ಅವರ ಮುಖದಲ್ಲಿ ಯಾವ ದೊರೆಯೂ ಇರಲಿಲ್ಲ, ಅಪ್ಪನಿಗೆ ಊಟವಾಯಿತೆಂದು ಹಗುರಾದ ಮಗನಿದ್ದ.

ಆದರೆ ಒಳ್ಳೆಯ ಗಳಿಗೆ ನಮ್ಮ ಮನೆಯಲ್ಲಿ ಹೆಚ್ಚು ಹೊತ್ತು ನಿಲ್ಲುವುದಿಲ್ಲ. ಎಲೆಯ ಮುಂದೆ ಕೂತು ಎರಡನೇ ವಡೆಗೆ ಕೈ ಹಾಕುತ್ತಲೇ, ನಾಳೆ ಕೆನ್ನೆಗೆ ಗೋಣಿನಾರು ಅಂಟಿಸಿಕೊಳ್ಳಬೇಕಲ್ಲ, ಪಾತ್ರ ಹಾಳಾಯಿತಲ್ಲ ಎಂದು ಶುರು ಮಾಡಿದರು. ನಾನು ನಾಲ್ಕು ಮಾತು ಸಮಾಧಾನ ಹೇಳಹೋದೆ.

“ನಿಂಗೇನ್ ಗೊತ್ತಾಗುತ್ತೆ ಬಿಡೇ, ಮನಸ್ಸಲ್ಲಿ ಇರೋದೆಲ್ಲ ಮುಖದ ಮೇಲೆ ಬರೆದಿರುತ್ತೆ ನಿಂದು. ನಟನೆ ಅನ್ನೋದು ನಿನ್ನ ಹಣೇಲೇ ಬರೆದಿಲ್ಲ” ಎಂದರು.

ಅತ್ತೆಗೆ ಯಾಕೋ ಕೆಮ್ಮು ಬಂತು. ನಾನು ಹೌದು ರೀ ಎಂದು, ತಲೆ ತಗ್ಗಿಸಿ, ಅವರ ಎಲೆಗೆ ಇನ್ನೊಂದು ಸೌಟು ಪಾಯಸ ಬಡಿಸಿದೆ.