ಎಲ್ಲರಿಗಿಂತ ಮುಂದಿನ ಜಾಗ

ರೇಡಿಯೊಗೆ ಹೊಸ ಸೆಲ್ಲು ಹಾಕಿಸಿದ್ದು ತಪ್ಪಲ್ಲ. ಯಾಕೆ ಹಾಕಿಸಿದೆ ಎಂದು ಇಳಕಲ್ಲಿನ ಓಣಿಗೆಲ್ಲ ಸಾರಿಕೊಂಡು ಬಂದದ್ದು ಪಿಟೀಲು ಹೊಳಬಸಪ್ಪನ ತಪ್ಪು.

ಹರೆಯವನ್ನೆಲ್ಲ ನಾಟಕ ಕಂಪನಿಯ ಪರದೆಯ ಹಿಂದೆ ಸವೆಸಿದವನು ಆತ. ಕ್ಯಾಂಪು ಬಾದಾಮಿಯಲ್ಲಿರಲಿ, ಹುನಗುಂದದಲ್ಲಿರಲಿ, ನಾಯಕಿಯ ಗಂಟಲು ಕೈಕೊಟ್ಟಾಗೆಲ್ಲ ಅವನ ಪಿಟೀಲೇ ಹಾಡನ್ನು ದಡ ಮುಟ್ಟಿಸುತ್ತಿತ್ತು. ಚಪ್ಪಾಳೆ ಮಾತ್ರ ಅವಳಿಗೆ. ಹ್ಯಾಂಡ್‌ಬಿಲ್ಲಿನಲ್ಲಿ ಸೋಡಾ ಅಂಗಡಿಯವನ ಹೆಸರೂ ಇರುತ್ತಿತ್ತು, ಇವನದಿರಲಿಲ್ಲ. ಕಂಪನಿ ಮುಚ್ಚಿದ ಮೇಲೆ, ಯಾರ ಪುಣ್ಯವೋ, ರೇಡಿಯೊದವರು ಕರೆಸಿ ಅವನ ಜೋಗಿಯಾವನ್ನು, ಕೇಳಿದವರಿಗೆ ಅಳು ತರಿಸುವ ಆ ಬೆಳಗಿನ ರಾಗವನ್ನು, ಧ್ವನಿಮುದ್ರಿಸಿಕೊಂಡಿದ್ದರು. ಇಂದು ಬೆಳಿಗ್ಗೆ ಪ್ರಸಾರ. ಹೆಸರನ್ನೂ ಹೇಳುತ್ತಾರಂತೆ!

ಸೀರೆ ವ್ಯಾಪಾರಿ ಅಂದಪ್ಪ ಮಾತು ಕೊಟ್ಟಿದ್ದ. "ರೇಡಿಯೊದಾಗ ನಿಮ್ಮ ಪಿಟೀಲು ಬರ್ಲಿ, ಕೆರೂರಾಗ ನನ್ನ ಮಗಳ ಮದುವಿಗೆ ನಿಮ್ಮದ ಕಛೇರಿ. ಹಂದರದಾಗ ಎಲ್ಲಾರಕಿಂತ ಮುಂದ ಕೂಡಸ್ತೇನಿ."

ಅಂಗಳದಲ್ಲಿ ಓಣಿ ನೆರೆಯಿತು, ಅಂದಪ್ಪನೂ ಬಂದ. ಹೆಂಡತಿ ಬಸಲಿಂಗವ್ವ ಚಹಾ ಹಂಚಿದಳು. ರೇಡಿಯೊ ಹಚ್ಚಿದರೆ, ದಿಲ್ಲಿಯಲ್ಲಿ ಯಾರೋ ದೊಡ್ಡವರು ತೀರಿಕೊಂಡ ಸುದ್ದಿ. ಕಾರ್ಯಕ್ರಮಗಳೆಲ್ಲ ರದ್ದು. ಹೊಳಬಸಪ್ಪ ಕೂತಲ್ಲೇ ಕುಸಿದ. ಸುದ್ದಿಯ ಬೆನ್ನಿಗೇ ಶೋಕಸಂಗೀತ ಶುರುವಾಯಿತು, ಪಿಟೀಲಿನದು. ಬಾರಿಸುವವರ ಹೆಸರಿಲ್ಲ, ಊರಿಲ್ಲ.

ಬಸಲಿಂಗವ್ವ ಕಿಟ್ಲಿ ಕೆಳಗಿಟ್ಟಳು. "ಅಯ್ಯ, ಇದು ನಿಮ್ಮದ ಅಲ್ಲೇನ್ರಿ?"

ಅವನದೇ! "ನಾ ಬಾರಿಸಿದ್ದು! ನನ್ನದ ಇದು!" ಎಂದು ಎದ್ದು ಕುಣಿದ.

"ಸತ್ತ ಸುದ್ದಿಯೊಳಗ ಬಡಾಯಿ ಕೊಚ್ಚಬ್ಯಾಡೋ," ಎಂದರು ಎದುರುಮನೆಯ ಹಿರಿಯ ರಾಚಯ್ಯ.

"ಇಂಥಾದ್ದಕ್ಕ ದಿಲ್ಲಿ ಉಸ್ತಾದರನ್ನ ಕರಸಿರ್ತಾರ್ರಿ, ನಿಮ್ಮನ್ಯಾಕ ಕೇಳ್ತಾರ?" ಎಂದ ಬಡಗಿ ಇಬ್ರಾಹಿಂಸಾಬ.

"ಹೋಗ್ಲಿ ಬಿಡ್ರಿ, ಪಾಪ, ಭಾಳ ಆಸೆ ಇಟ್ಕೊಂಡಿದ್ದ," ಎಂದಳು ನೆರೆಮನೆಯ ರಂಗವ್ವ. ಈ ಪಾಪವೇ ಅವನನ್ನು ಇರಿದದ್ದು.

ಒಳಗೋಡಿ ಪಿಟೀಲು ತಂದ. ರೇಡಿಯೊದ ಜೊತೆಗೇ ಬಾರಿಸತೊಡಗಿದ. ಅದು ತಡೆದಲ್ಲಿ ತಡೆದ, ಬಿಕ್ಕಿದಲ್ಲಿ ಬಿಕ್ಕಿದ; ಯಾವುದು ಪೆಟ್ಟಿಗೆಯದು, ಯಾವುದು ಅವನದು ತಿಳಿಯದಾಯಿತು. ರಂಗವ್ವ ಸೆರಗು ಕಣ್ಣಿಗೊತ್ತಿಕೊಂಡಳು. ರಾಚಯ್ಯನವರು ಟೋಪಿ ತೆಗೆದರು.

"ಖರೇನ ಇವರದ," ಎಂದ ಅಂದಪ್ಪ.

ಹೊಳಬಸಪ್ಪನ ಜನ್ಮದಲ್ಲಿ ಅಂಥ ಗಳಿಗೆ ಬಂದಿರಲಿಲ್ಲ. "ಹಂಗಾದ್ರ ಕೆರೂರಿಗೆ ಯಾವಾಗ ಬರ್ಲಿ?" ಎಂದ.

ಅಂದಪ್ಪ ಚಪ್ಪಲಿ ಮೆಟ್ಟಿಕೊಂಡ. "ತಪ್ಪು ತಿಳ್ಕೋಬ್ಯಾಡ್ರಿ. ಅದು ನಿಮ್ಮದಲ್ಲ ಅಂತ ಆಗಿದ್ರ, ಪಾಪ ಅಂತಾದ್ರೂ ಕರೀತಿದ್ದೆ. ನಾಡೆಲ್ಲ ಸಾವಿಗೆ ಕೇಳಿದ ಪಿಟೀಲು, ಮದುವ್ಯಾಗ ಅಕ್ಕಿಕಾಳು ಬೀಳೂ ಹೊತ್ತಿಗೆ ಹೆಂಗ ಬಾರಸೂದ್ರಿ?"

ಅಂಗಳ ಖಾಲಿಯಾಯಿತು. ತಾನೇ ಸಾಕ್ಷಿ ಹೇಳಿ ತಾನೇ ಸೋತಿದ್ದ.

ಸಂಜೆ ಪಕ್ಕದ ಓಣಿಯಿಂದ ಕರೆ ಬಂತು. "ನಮ್ಮಜ್ಜ ಲಿಂಗೈಕ್ಯ ಆಗ್ಯಾನ್ರಿ. ಭಜನಿಗೆ ಆ ರೇಡಿಯೊದ ಪಿಟೀಲಿನವರ ಬೇಕಂತ."

ಬಸಲಿಂಗವ್ವ ಮಡಿಚಿಟ್ಟ ಧೋತರ ತಂದುಕೊಟ್ಟಳು. ಅದು ಮದುವೆಗೆಂದು ಒಗೆದಿಟ್ಟದ್ದು.

ಅಲ್ಲಿ ಅಜ್ಜನ ಹೆಣವನ್ನು ಹೂ, ವಿಭೂತಿಗಳಿಂದ ಸಿಂಗರಿಸಿ ಎಲ್ಲರಿಗೂ ಕಾಣುವಂತೆ ಮುಂದೆ ಕೂಡಿಸಿದ್ದರು. ಹೊಳಬಸಪ್ಪನಿಗೆ ಅದರ ಹಿಂದೆ ಜಾಗ ಮಾಡಿಕೊಟ್ಟರು.