ದೊರೆಗೆಂದು ಇಟ್ಟ ಡಿಕಾಕ್ಷನ್

ಹೆಡ್ ಕ್ಲಾರ್ಕ್ ಕುರ್ಚಿಗೂ ತನಗೂ ನಡುವೆ ಇರುವುದು ಒಂದೇ ಒಂದು ಬಾಟಲಿ ಎಂದು ಹಲಸೂರಿನ ಅಂಜನಮೂರ್ತಿಗೆ ಖಾತ್ರಿಯಾಗಿತ್ತು. ಅವನು ಗುಮಾಸ್ತನಾಗಿದ್ದ ಮಿಲಿಟರಿ ಉಗ್ರಾಣದ ದೊರೆಗಳು, ಯುದ್ಧ ಬಂದಾಗಿನಿಂದ ಊಟದ ಮೇಲೆ ಗುಟುಕರಿಸುವ ಕಾಫಿ ಲಿಕ್ಯೂರ್ ಎಂಬ ಸಿಹಿ ಮದ್ಯ ಹಡಗಿನಲ್ಲಿ ಬರುತ್ತಿಲ್ಲವೆಂದು ಕೊರಗುತ್ತಿದ್ದರು.

"ಕಾಫಿ ನಮ್ಮದು, ಸಕ್ಕರೆ ನಮ್ಮದು, ರಮ್ ಕ್ಯಾಂಟೀನಿನದು. ಇದಕ್ಕೆ ಹಡಗು ಯಾಕೆ ಸರ್? ಹದಿನೈದೇ ದಿನ ಕೊಡಿ" ಎಂದು ಎದೆ ತಟ್ಟಿ ಬಂದ. ಒಲೆ ಹೊತ್ತಿಸಲೂ ಬಾರದವನ ಎದೆ ಅದು!

ರೇಷನ್ನಿನ ತಿಂಗಳ ಸಕ್ಕರೆಯೆಲ್ಲ ಗಟ್ಟಿ ಡಿಕಾಕ್ಷನ್ನಿಗೆ ಸುರಿದ. ಕ್ಯಾಂಟೀನಿನ ಚಿನ್ನಪ್ಪನನ್ನು ಕಾಡಿ ಬೇಡಿ ತಂದ ರಮ್ ಬೆರೆಸಿ, ಬಿರಡೆ ಬಿಗಿದು, ಅಕ್ಕಿ ಡಬ್ಬದ ಹಿಂದೆ ಬಾಟಲಿಯನ್ನು ತಪಸ್ಸಿಗೆ ಕೂರಿಸಿದ.

"ಇನ್ನು ತಿಂಗಳೆಲ್ಲ ಬೆಲ್ಲದ ಕಾಫಿನಾ?" ಎಂದಳು ಹೆಂಡತಿ ಆದಿಲಕ್ಷ್ಮಿ.

"ಹೆಡ್ ಕ್ಲಾರ್ಕ್ ಹೆಂಡ್ತಿ ಆಗೋಳು ಇಷ್ಟೂ ತಡ್ಕೊಳ್ಳಲ್ವೇನೇ?"

ಮಾರನೆಯ ದಿನವೇ ಹೊರಮಾವಿನಿಂದ ಅತ್ತೆ ಮುನಿಲಕ್ಷ್ಮಮ್ಮ ಬಂದಿಳಿದರು, ಮೂರು ದಿನಕ್ಕೆಂದು. ಹೆಂಡದಂಗಡಿ ಇದ್ದ ಬೀದಿಯನ್ನೇ ತುಳಿಯದಾಕೆ. ಬಾಟಲಿ ಕಂಡು ಏನೆಂದು ಕೇಳಿದರು. ರಮ್ಮಿನ ಹೆಸರೆತ್ತುವ ಧೈರ್ಯ ಯಾವ ಅಳಿಯನಿಗಿದೆ? ಸಕ್ಕರೆ ಹಾಕಿದ ಡಿಕಾಕ್ಷನ್ ಅಷ್ಟೇ, ದೊರೆಗಳಿಗೆಂದು ಇಟ್ಟಿದ್ದು ಎಂದುಬಿಟ್ಟ.

ಮೂರು ದಿನ ಎರಡು ವಾರವಾಯಿತು. ಅತ್ತೆಯ ಮಂಡಿನೋವು ಮಾಯ; ಬೆಳಗಾದರೆ ಹಾಡು, ಕಸ ಗುಡಿಸುವಾಗಲೂ ಹಾಡು. ನಮ್ಮ ಹಲಸೂರಿನ ನೀರಿನ ಗುಣ ಎಂದು ಅಳಿಯ ಬೀದಿಯಲ್ಲೆಲ್ಲ ಬೀಗಿದ.

ಹದಿನೈದನೆಯ ದಿನ ಬಾಟಲಿಗೆ ರಿಬ್ಬನ್ ಕಟ್ಟಿ ದೊರೆಗಳ ಮೇಜಿನ ಮೇಲಿಟ್ಟ. ಅವರು ಒಂದು ಗುಟುಕು ಕುಡಿದರು. ಇನ್ನೊಂದು ಕುಡಿದರು. ಕೊನೆಗೆ ಬಾಟಲಿಯ ಬಾಯಿಗೆ ಕಣ್ಣಿಟ್ಟು ನೋಡಿ, ಇದು ಕಾಫಿ, ಅದೂ ಆರಿದ ಕಾಫಿ ಎಂದರು. ಸಂಜೆಯೊಳಗೆ ಹೆಡ್ ಕ್ಲಾರ್ಕ್ ಕುರ್ಚಿ, ಯಾರಿಗೂ ಏನೂ ಕುಡಿಸದ ಪಕ್ಕದ ಮೇಜಿನ ಸಂಜೀವಪ್ಪನ ಪಾಲಾಯಿತು.

ಜೋಲುಮೋರೆ ಹೊತ್ತು ಮನೆಗೆ ಬಂದವನಿಗೆ ಅತ್ತೆಯೇ ಗುಟ್ಟು ಬಿಚ್ಚಿದರು.

"ಬೆಲ್ಲದ ಕಾಫಿ ನಂಗೆ ಸೇರಲ್ಲಪ್ಪ. ದಿನಾ ಒಂದಿಷ್ಟು ಆ ಬಾಟ್ಲಿಯಿಂದ ಬಗ್ಗಿಸ್ಕೊಂಡು ಹಾಲು ಹಾಕ್ಕೊಂಡೆ. ಮೊದಲನೇ ಡಿಕಾಕ್ಷನ್ ನೆಂಟರಿಗೆ ತಾನೇ? ಹಾಗಂತ ಬಾಟ್ಲಿ ಖಾಲಿ ಬಿಡ್ತೀನಾ? ತಗೊಂಡಷ್ಟೂ ಎರಡನೇ ಡಿಕಾಕ್ಷನ್ ತುಂಬಿಟ್ಟಿದೀನಿ."

ಅತ್ತೆ ಅಕ್ಕರೆಯಿಂದ ಹತ್ತಿರ ಬಂದರು.

"ನಿಮ್ಮ ಕೈಗುಣ ದೊಡ್ಡದು ಅಳಿಯಂದಿರೇ. ಇನ್ನೊಂದು ಬಾಟ್ಲಿ ಇಳಿಸಿಡಿ. ನಿಮ್ಮ ಮಾವನವ್ರಿಗೂ ಬರೋಕೆ ಹೇಳಿ ಕಳಿಸಿದೀನಿ, ಅವ್ರಿಗೂ ಮಂಡಿನೋವು."