ಸಾಹೇಬ್ರು ಇಲ್ವಾ?

ಸಂಸದೆಯಾದರೆ ಮನೆಯಲ್ಲಿ ನನ್ನ ಮಾತಿಗೆ ತೂಕ ಬರುತ್ತದೆಂದು ನಂಬಿದ್ದೆ. ಅಂಥದ್ದೇನೂ ಆಗುವುದಿಲ್ಲ. ಅಧಿವೇಶನ ಮುಗಿಸಿ, ದೆಹಲಿಯ ವಿಮಾನ ಇಳಿದು, ರಾಜಗೋಪಾಲನಗರದ ಮನೆಗೆ ಸೊಂಟ ಹಿಡಿದುಕೊಂಡು ಬಂದರೆ ಮುಂದಿನ ಕೋಣೆ ತುಂಬ ಜನ, ನನ್ನ ಕುರ್ಚಿಯಲ್ಲಿ ನಮ್ಮ ಯಜಮಾನರು. ಕಾರ್ಖಾನೆ ಕೆಲಸದಿಂದ ನಿವೃತ್ತರಾಗಿ ಪೇಪರ್ ಓದಿಕೊಂಡಿದ್ದವರಿಗೆ ಜನರೇ ಸಾಹೇಬರ ಪಟ್ಟ ಕಟ್ಟಿದ್ದಾರೆ. ಅರ್ಜಿ ಅವರ ಕೈಗೆ, ಹಾರ ಅವರ ಕೊರಳಿಗೆ. ನಾನು ಒಬ್ಬಳೇ ಕಂಡರೆ "ಸಾಹೇಬ್ರು ಇಲ್ವಾ ಮೇಡಂ?" ಎಂದು ಕೇಳಿ ವಾಪಸು ಹೋಗುತ್ತಾರೆ. ಯಜಮಾನರು ಕೆಟ್ಟವರಲ್ಲ. "ನಾನೇನ್ ಮಾಡ್ಲಿ ಕಣೇ, ಅವರೇ ಹಾಕ್ತಾರೆ" ಎನ್ನುತ್ತಾರೆ. ಆದರೆ ಹಾರವನ್ನೇನೂ ತೆಗೆಯುವುದಿಲ್ಲ.

ಪೀಣ್ಯದಲ್ಲಿ ದುಡಿಯುವ ಬಾಗಲಕೋಟೆ ಕಡೆಯ ಶಾಂತವ್ವ ಒಮ್ಮೆ ನನ್ನನ್ನೇ ಹುಡುಕಿಕೊಂಡು ಬಂದಿದ್ದಳು. "ಬಸ್ ಸ್ಟಾಪಿನ್ಯಾಗ ಹೆಣ್ಮಕ್ಕಳಿಗೆ ಸಂಡಾಸ ಇಲ್ರಿ ಅಕ್ಕಾರ. ಅದಕ್ಕ ಮುಂಜಾನಿಂದ ನೀರ ಕುಡಿಯೂದ ಬಿಟ್ಟೀವ್ರಿ." ಇದನ್ನು ಸದನದಲ್ಲಿ ಹೇಳಲು ದಿನಾ ಬೆಳಿಗ್ಗೆ ಚೀಟಿ ಕೊಟ್ಟು ಕಾದೆ. ನನ್ನ ಹೆಸರು ಬಂದ ದಿನವೇ ಗದ್ದಲವೆದ್ದು ಸದನ ಮುಂದಕ್ಕೆ ಹೋಗುತ್ತಿತ್ತು. ಎದ್ದು ಹೋದಾಗಲೇ ಹೆಸರು ಕರೆದುಬಿಟ್ಟರೆ ಎಂಬ ಭಯಕ್ಕೆ ನಾನೂ ನೀರು ಕುಡಿಯುವುದು ಬಿಟ್ಟೆ. ಕಡೆಗೊಂದು ದಿನ ಮೈಕು ಸಿಕ್ಕಿತು. ಗಂಟೆ ಬಾರಿಸುವಷ್ಟರಲ್ಲಿ ಹೇಳಿ ಮುಗಿಸಿದೆ. ಕೆಲವು ವಾರಗಳ ಮೇಲೆ ಶೌಚಾಲಯ ಕಟ್ಟಿಸುತ್ತೇವೆಂದು ಕಾಗದವೂ ಬಂತು.

ಆ ಸಲ ಮನೆಗೆ ಬಂದಾಗ ಯಜಮಾನರಿಗೆ ಎರಡು ಹಾರ ಬಿದ್ದಿದ್ದವು. "ಸಾಹೇಬ್ರು ಇಲ್ದಿದ್ರೆ ಈ ಶೌಚಾಲಯ ಆಗ್ತಿತ್ತೇನ್ರೀ?" ಎಂದು ಒಬ್ಬರು ಭಾಷಣ ಮಾಡುತ್ತಿದ್ದರು. ಮೂಲೆಯಲ್ಲಿ ನಿಂತಿದ್ದ ಶಾಂತವ್ವ ನನ್ನ ಮುಖ ನೋಡಿದಳು. ನನಗೆ ರೇಗಿತು. "ಸದನದಲ್ಲಿ ಮಾತಾಡಿದ್ದು ನಾನು ಕಣ್ರೀ! ಆರಿಸಿ ಕಳ್ಸಿರೋದೂ ನನ್ನನ್ನೇ. ಹೆಂಗಸರ ಕೆಲಸಕ್ಕೆ ಗಂಡನ ಹೆಸರು ಹಾಕೋದು ಯಾವಾಗ ಬಿಡ್ತೀರಿ?" ಯಜಮಾನರು ಕುರ್ಚಿ ಬಿಟ್ಟೆದ್ದರು. ನಾನು ಕೂತೆ. ಎಷ್ಟೋ ದಿನಗಳ ಮೇಲೆ ಬೆನ್ನಿಗೆ ಹಾಯೆನಿಸಿತು.

ಅಷ್ಟರಲ್ಲಿ ಚಿಕ್ಕಬಾಣಾವರದ ಕಡೆಯಿಂದ, ಹೊಸದಾಗಿ ಪಂಚಾಯಿತಿ ಅಧ್ಯಕ್ಷೆಯಾಗಿದ್ದ ಹುಡುಗಿ ಫೈಲು ಹಿಡಿದು ಬಂದಳು. ಅಕ್ಕರೆಯಿಂದಲೇ ಕರೆದೆ.

"ಬಾಮ್ಮ, ಕೂತ್ಕೋ. ಎಲ್ಲಿ, ನಿಮ್ಮ ಯಜಮಾನ್ರು ಬರ್ಲಿಲ್ವಾ?"

"ಅಧ್ಯಕ್ಷೆ ನಾನೇ ಮೇಡಂ" ಎಂದಳು, ತಗ್ಗಿದ ದನಿಯಲ್ಲಿ.

ಯಾರೂ ನಗಲಿಲ್ಲ. ನಕ್ಕಿದ್ದರೆ ವಾಸಿಯಿತ್ತು. ಯಜಮಾನರು ಮೆಲ್ಲಗೆ ಹಾರ ತೆಗೆದು ಕಿಟಕಿಗೆ ನೇತುಹಾಕಿದರು. ಸದನದಲ್ಲಾದರೆ ಆಡಬಾರದ್ದನ್ನು ಆಡಿದರೂ ಕಡತದಿಂದ ತೆಗೆದುಹಾಕುತ್ತಾರೆ. ನಮ್ಮ ಮನೆಯಲ್ಲಿ ಆ ಅನುಕೂಲವಿಲ್ಲ. ಕಾಫಿ ತರುತ್ತೇನೆಂದು ಎದ್ದು ಒಳಗೆ ಹೋದೆ.